ಪಟ್ಟಿಯಿಂದ ಹೋಯಿತು, ಡಿಸ್ಕಿನಿಂದ ಹೋಗಲಿಲ್ಲ



ಕಳೆದ ಸಂಚಿಕೆಯಲ್ಲಿ ಮೊಬೈಲಿನ ಫೋಟೋಗಳನ್ನು ಜೋಪಾನ ಮಾಡುವ ಕುರಿತು ಬರೆದಿದ್ದೆವು. ಅದನ್ನು ಓದಿದ ಒಬ್ಬ ತಾಯಿ ಭಾನುವಾರದ ಪೂಜೆಯ ನಂತರ ಚರ್ಚಿನ ಅಂಗಳದಲ್ಲಿ ನಮ್ಮನ್ನು ನಿಲ್ಲಿಸಿದರು. "ಫಾದರ್, ಮಗನ ಕಂಪ್ಯೂಟರಿನಲ್ಲಿ ಹಸಿರು ಗುರುತಿನದ್ದೊಂದು ಉಂಟು. ಅದನ್ನು ತೆರೆದರೆ ಆಟಗಳ ಹೆಸರೆಲ್ಲ ಬರುತ್ತದೆ. ಮೊದಲು ಮೂವತ್ತು ಮೂವತ್ತೈದು ಇತ್ತು. ಈಗ ನೋಡಿದರೆ ಎಂಟೇ. ಪರೀಕ್ಷೆ ಬಂತಲ್ಲ, ಉಳಿದದ್ದನ್ನೆಲ್ಲ ತೆಗೆದುಬಿಟ್ಟಿದ್ದಾನೆ" ಎಂದು ಬಹಳ ಸಂತೋಷದಿಂದ ಹೇಳಿದರು. ಅವರ ಮುಖ ನೋಡಿ ನಮಗೆ ಮಾತು ಹೊರಡಲಿಲ್ಲ. "ಒಳ್ಳೆಯದಾಯಿತು" ಎಂದಷ್ಟೇ ಹೇಳಿ ಒಳಗೆ ಹೋದೆವು. ಮರುವಾರ ಅವರನ್ನು ಕರೆದು ವಿಷಯ ತಿಳಿಸಿದೆವು. ಹೆಸರು ಹಾಕದೆ ಬರೆಯಲು ಅವರ ಒಪ್ಪಿಗೆಯೂ ಸಿಕ್ಕಿತು. (ಆ ಹುಡುಗ ನಿಜವಾಗಿಯೂ ಆಟಗಳನ್ನು ತೆಗೆದಿದ್ದಾನೋ ಇಲ್ಲವೋ ಎಂಬುದು ತಾಯಿ ಮಗನ ನಡುವಿನ ವಿಷಯ. ನಾವು ಅಲ್ಲಿಗೆ ಹೋಗುವುದಿಲ್ಲ.)

ಆ ಹಸಿರು ಗುರುತಿನ ತಂತ್ರಾಂಶದ ಹೆಸರು ಎನ್‌ವಿಡಿಯಾ ಆ್ಯಪ್. ಆಟದ ಚಿತ್ರಗಳನ್ನು ಪರದೆಯ ಮೇಲೆ ವೇಗವಾಗಿ ಮೂಡಿಸಲೆಂದು ಕಂಪ್ಯೂಟರಿನೊಳಗೆ ಗ್ರಾಫಿಕ್ಸ್ ಕಾರ್ಡ್ ಹಾಕಿಸುತ್ತೇವಲ್ಲ, ಆ ಕಾರ್ಡು ತಯಾರಿಸಿದ ಕಂಪನಿಯೇ ಕೊಡುವ ತಂತ್ರಾಂಶ ಅದು. ಮೊದಲು ಇದೇ ಕೆಲಸಕ್ಕೆ ಜೀಫೋರ್ಸ್ ಎಕ್ಸ್‌ಪೀರಿಯನ್ಸ್ ಎಂಬುದಿತ್ತು. 2024ರ ನವೆಂಬರಿನಲ್ಲಿ ಅದರ ಜಾಗಕ್ಕೆ ಎನ್‌ವಿಡಿಯಾ ಆ್ಯಪ್ ಬಂತು. ಹಳೆಯದರಲ್ಲಿ 2016ರಿಂದೀಚೆಗೆ ಖಾತೆ ತೆರೆದು ಲಾಗಿನ್ ಆಗದೆ ಒಳಗೆ ಬಿಡುತ್ತಿರಲಿಲ್ಲ. ಹೊಸದರಲ್ಲಿ ಆ ಕಾಟ ತಪ್ಪಿದೆ. ಎಎಂಡಿ ಕಂಪನಿಯ ಕಾರ್ಡು ಇರುವ ಮನೆಗಳಲ್ಲಿ ಅಡ್ರಿನಾಲಿನ್ ಎಡಿಷನ್ ಎಂಬ ಬೇರೆ ತಂತ್ರಾಂಶ ಇರುತ್ತದೆ. ಕೆಲಸ ಹೆಚ್ಚುಕಡಿಮೆ ಒಂದೇ.

ಈ ತಂತ್ರಾಂಶ ಡಿಸ್ಕಿನ ಫೋಲ್ಡರುಗಳನ್ನು ಹುಡುಕಿ, ತನಗೆ ಪರಿಚಯವಿರುವ ಆಟಗಳು ಎಲ್ಲಿವೆ ಎಂದು ಗುರುತಿಸಿ ಒಂದು ಪಟ್ಟಿ ಮಾಡುತ್ತದೆ. ಯಾವ ಆಟಕ್ಕೆ ಚಿತ್ರದ ಗುಣಮಟ್ಟ ಎಷ್ಟಿರಬೇಕು, ಒಂದು ಸೆಕೆಂಡಿಗೆ ಎಷ್ಟು ಚಿತ್ರ ಮೂಡಬೇಕು ಎಂಬುದನ್ನು ಆಯಾ ಹೆಸರಿನ ಮುಂದೆ ನಿಗದಿ ಮಾಡಲು ಆ ಪಟ್ಟಿ. ಅಂದರೆ ಅದು ಆಟಗಳ ಗೋದಾಮು ಅಲ್ಲ, ಗೋದಾಮಿನ ಬಾಗಿಲಿಗೆ ಅಂಟಿಸಿದ ಚೀಟಿ. ಮತದಾರರ ಪಟ್ಟಿಯನ್ನು ನೆನೆಸಿಕೊಂಡರೆ ಇದು ಸುಲಭವಾಗಿ ತಿಳಿಯುತ್ತದೆ. ಪಟ್ಟಿಯಿಂದ ಹೆಸರು ಬಿಟ್ಟುಹೋದವನು ಊರು ಬಿಟ್ಟು ಹೋಗಿರುವುದಿಲ್ಲ, ಅಂಗಡಿ ಜಗಲಿಯಲ್ಲಿ ಕುಳಿತೇ ಇರುತ್ತಾನೆ. ತೀರಿಹೋಗಿ ಹತ್ತು ವರ್ಷವಾದವರ ಹೆಸರು ಪಟ್ಟಿಯಲ್ಲಿ ಇನ್ನೂ ಇರುತ್ತದೆ. ಇಲ್ಲಿಯೂ ಹಾಗೆಯೇ. ಆಟವನ್ನು ತೆಗೆದ ಮೇಲೂ ಅದರ ಫೋಲ್ಡರಿನಲ್ಲಿ ಚೂರುಪಾರು ಉಳಿದಿದ್ದರೆ ಹೆಸರು ಉಳಿಯಬಹುದು. ಹಳೆಯ ಡಿಸ್ಕನ್ನು ಹೊಸದಕ್ಕೆ ನಕಲು ಮಾಡಿದ್ದರೆ ಒಂದೇ ಆಟ ಎರಡು ಸಲ ಕಾಣಿಸಬಹುದು. ಆಟವೇ ಅಲ್ಲದ ಬ್ರೌಸರು, ವಿಡಿಯೊ ನೋಡುವ ತಂತ್ರಾಂಶಗಳೂ ನಡುವೆ ಬಂದು ಕೂರುತ್ತವೆ, ಏಕೆಂದರೆ ಅವುಗಳೂ ಕಾರ್ಡಿನಿಂದ ಕೆಲಸ ತೆಗೆಯುತ್ತವೆ.

ಇಷ್ಟೆಲ್ಲ ಈಗ ಸರಾಗವಾಗಿ ಬರೆಯುತ್ತಿದ್ದೇವೆ. ಎರಡು ವರ್ಷದ ಹಿಂದೆ ನಮಗಿದು ಗೊತ್ತಿರಲಿಲ್ಲ. ಗೊತ್ತಿಲ್ಲದೆ ಮಾಡಿದ ಒಂದು ಕೆಲಸವನ್ನು ಇಲ್ಲಿ ಹೇಳಿಬಿಡುವುದು ಒಳ್ಳೆಯದು.

ನಮ್ಮ ಯುವಕರ ಕೊಠಡಿಯ ಕಂಪ್ಯೂಟರು ಗಲ್ಫಿನಿಂದ ಮರಳಿದ ಕುಟುಂಬವೊಂದು ದಾನ ಕೊಟ್ಟದ್ದು. ಒಳ್ಳೆಯ ಕಾರ್ಡು, ಆದರೆ ಡಿಸ್ಕು 256 ಜಿಬಿಯದು. ಹಬ್ಬದ ನಾಟಕದ ವಿಡಿಯೊ ಹಾಕಲು ಹೋದರೆ ಜಾಗವಿಲ್ಲ, ಕೆಂಪು ಗೆರೆ ತುದಿ ಮುಟ್ಟಿತ್ತು. ಮಧ್ಯಾಹ್ನದ ಹೊತ್ತು, ಹುಡುಗರು ಯಾರೂ ಇರಲಿಲ್ಲ. ನಾವೇ ಕುಳಿತೆವು. ಹಸಿರು ತಂತ್ರಾಂಶ ತೆರೆದರೆ ನಲವತ್ತೊಂದು ಹೆಸರು! ಒಂದೊಂದಾಗಿ ಪಟ್ಟಿಯಿಂದ ತೆಗೆಯುತ್ತಾ ಹೋದೆವು. ಅರ್ಧ ಗಂಟೆಯ ಕೆಲಸ. ಮುಗಿಸಿ ನೋಡಿದರೆ ಕೆಂಪು ಗೆರೆ ಒಂದು ಕೂದಲಿನಷ್ಟೂ ಹಿಂದೆ ಸರಿದಿರಲಿಲ್ಲ.

ಸಿಟ್ಟು ಬಂತು. ಆ ಸಿಟ್ಟಿನಲ್ಲಿಯೇ ಡಾಕ್ಯುಮೆಂಟ್ಸ್ ಫೋಲ್ಡರಿಗೆ ಹೋದೆವು. ಅಲ್ಲಿ ಆಟಗಳ ಹೆಸರಿನ ಏಳೆಂಟು ಫೋಲ್ಡರು ಇದ್ದವು. ಪಟ್ಟಿಯಿಂದ ತೆಗೆದಾಯಿತಲ್ಲ, ಇವು ಉಳಿದ ಕಸ ಎಂದುಕೊಂಡು ಎಲ್ಲವನ್ನೂ ಆಯ್ದು ಶಿಫ್ಟ್ ಒತ್ತಿ ಡಿಲೀಟ್ ಮಾಡಿದೆವು. ಶಿಫ್ಟ್ ಒತ್ತಿ ಅಳಿಸಿದ್ದು ರಿಸೈಕಲ್ ಬಿನ್ನಿಗೆ ಹೋಗುವುದಿಲ್ಲ, ನೇರ ಹೋಗಿಬಿಡುತ್ತದೆ. ಅದು ಗೊತ್ತಿತ್ತು, ಗೊತ್ತಿದ್ದೇ ಮಾಡಿದೆವು. ಆಗಲೂ ಖಾಲಿಯಾದ ಜಾಗ ಹೇಳಿಕೊಳ್ಳುವಷ್ಟೇನೂ ಇರಲಿಲ್ಲ. ಆಗಲಾದರೂ ನಮಗೆ ಸಂಶಯ ಬರಬೇಕಿತ್ತು.

ಸಂಜೆ ಹುಡುಗರು ಬಂದರು. ಅವರಲ್ಲಿ ಪ್ಲಸ್ ಟು ಓದುತ್ತಿದ್ದ ಒಬ್ಬ ಯೂರೋ ಟ್ರಕ್ ಸಿಮ್ಯುಲೇಟರ್ 2 ಎಂಬ ಆಟ ತೆರೆದ. ಆಟ ತೆರೆಯಿತು. ಆದರೆ ಅದು ಅವನಿಗೆ ಹೊಸದಾಗಿ ಹೆಸರು ಬರೆಯಲು ಹೇಳಿತು. ಅವನು ಸ್ವಲ್ಪ ಹೊತ್ತು ಪರದೆಯನ್ನೇ ನೋಡುತ್ತಾ ಕುಳಿತ. ಮತ್ತೆ ತಿರುಗಿ, "ಫಾದರ್, ಇದರಲ್ಲಿ ಯಾರಾದರೂ ಏನಾದರೂ ಮಾಡಿದ್ದಾರಾ?" ಎಂದು ಕೇಳಿದ.

ಆ ಆಟ 2012ರಲ್ಲಿ ಬಂದದ್ದು, ಮಾಡಿದವರು ಚೆಕ್ ದೇಶದ ಎಸ್‌ಸಿಎಸ್ ಸಾಫ್ಟ್‌ವೇರ್. ಹೊಡೆದಾಟವಿಲ್ಲ, ರಕ್ತವಿಲ್ಲ. ಯೂರೋಪಿನ ರಸ್ತೆಗಳಲ್ಲಿ ಲಾರಿ ಓಡಿಸುವುದು, ಸರಕನ್ನು ಹೊತ್ತಿಗೆ ಮುಟ್ಟಿಸುವುದು, ಸಾಲ ತೀರಿಸುವುದು, ಇನ್ನೊಂದು ಲಾರಿ ಕೊಳ್ಳುವುದು. ಆಡುವವನು ತನ್ನ ಸಾಗಾಟದ ಕಂಪನಿಗೆ ತಾನೇ ಹೆಸರಿಡುತ್ತಾನೆ. ಈ ಹುಡುಗ ಇಟ್ಟದ್ದು ಅಪ್ಪನ ಹೆಸರು. ಅಪ್ಪ ನಿಜವಾಗಿಯೂ ಲಾರಿ ಡ್ರೈವರು, ತಿಂಗಳಿಗೆ ಇಪ್ಪತ್ತು ದಿನ ರಸ್ತೆಯಲ್ಲಿಯೇ. ಊರಲ್ಲಿದ್ದ ಭಾನುವಾರ ಪೂಜೆ ಮುಗಿದ ಮೇಲೆ ಮಗನೊಂದಿಗೆ ಆ ಕೊಠಡಿಗೆ ಬಂದು ಪಕ್ಕದ ಕುರ್ಚಿಯಲ್ಲಿ ಕೂರುತ್ತಿದ್ದುದನ್ನು ನಾವೂ ಕಂಡಿದ್ದೇವೆ. ಇಂಗ್ಲೆಂಡಿನ ರಸ್ತೆ ಅವರಿಗೆ ಇಷ್ಟ, ಅಲ್ಲಿ ನಮ್ಮಂತೆ ಎಡಬದಿಯಲ್ಲಿ ಓಡಿಸಬೇಕು. ಟ್ರೈಲರನ್ನು ಹಿಂದಕ್ಕೆ ತಂದು ನಿಲ್ಲಿಸುವ ಕಷ್ಟದ ಕೆಲಸ ಬಂದರೆ ಮಗನಿಂದ ಮೌಸ್ ಕೀಬೋರ್ಡು ತಾನೇ ತೆಗೆದುಕೊಳ್ಳುತ್ತಿದ್ದರು. ಎರಡು ವರ್ಷ ಹೀಗೆ ನಡೆದಿತ್ತು. ನಾವು ಆ ಫೋಲ್ಡರು ಅಳಿಸುವ ನಾಲ್ಕು ತಿಂಗಳ ಹಿಂದೆ ಅವರು ಕೆಲಸಕ್ಕೆಂದು ಕುವೈತಿಗೆ ಹೋಗಿದ್ದರು.

ಹದಿಮೂರು ಲಾರಿ, ಐದು ಗ್ಯಾರೇಜು, ಅಪ್ಪ ಓಡಿಸಿದ್ದು, ಮಗ ಓಡಿಸಿದ್ದು, ಎಲ್ಲವೂ ಇದ್ದದ್ದು ಆ ಡಾಕ್ಯುಮೆಂಟ್ಸ್ ಫೋಲ್ಡರಿನ ಕೆಲವೇ ಮೆಗಾಬೈಟುಗಳಲ್ಲಿ. ಆಟ ಒಂದು ಕಡೆ ಇರುತ್ತದೆ, ಆಡಿದ್ದರ ದಾಖಲೆ ಇನ್ನೊಂದು ಕಡೆ. ಆಟವನ್ನು ಎಷ್ಟು ಸಲ ಬೇಕಾದರೂ ಮತ್ತೆ ಇಳಿಸಿಕೊಳ್ಳಬಹುದು. ದಾಖಲೆಗೆ ಆ ಭಾಗ್ಯವಿಲ್ಲ. ಸ್ಟೀಮ್ ಎಂಬ ಆಟದ ಮಳಿಗೆಯ ಕ್ಲೌಡಿನಲ್ಲಿ ಒಂದು ಪ್ರತಿ ಇಡುವ ಸೌಲಭ್ಯವೇನೋ ಆ ಆಟದಲ್ಲಿದೆ, ಆದರೆ ಅದಕ್ಕೆ ಪ್ರೊಫೈಲಿನಲ್ಲಿ ಗುರುತು ಹಾಕಿರಬೇಕು. ಆಗ ನಮ್ಮ ಇಂಟರ್‌ನೆಟ್ ನಿಧಾನವೆಂದು ಅವನು ಹಾಕಿರಲಿಲ್ಲ. ಪೇಟೆಯ ಕಂಪ್ಯೂಟರ್ ಅಂಗಡಿಗೂ ಹೊತ್ತುಕೊಂಡು ಹೋದೆವು. ಈಗಿನ ಎಸ್‌ಎಸ್‌ಡಿ ಡಿಸ್ಕುಗಳು ಅಳಿಸಿದ ಜಾಗವನ್ನು ತಾವಾಗಿಯೇ ಖಾಲಿ ಮಾಡಿಬಿಡುತ್ತವಂತೆ, ಹಳೆಯ ಹಾರ್ಡ್ ಡಿಸ್ಕಿನಲ್ಲಾದರೆ ಏನಾದರೂ ಸಿಗುತ್ತಿತ್ತು ಎಂದರು. "ಪರವಾಗಿಲ್ಲ ಫಾದರ್" ಎಂದ ಹುಡುಗ. ಗಟ್ಟಿಯಾಗಿ ಬೈದಿದ್ದರೆ ನಮಗೆ ಸುಲಭವಾಗುತ್ತಿತ್ತು.

ಮರುವಾರ ಅವನನ್ನೇ ಪಕ್ಕದಲ್ಲಿ ಕೂರಿಸಿಕೊಂಡು ಸರಿಯಾದ ಕ್ರಮದಲ್ಲಿ ಶುರು ಮಾಡಿದೆವು. ಮೊದಲು ಪೆನ್‌ಡ್ರೈವ್. ಉಳಿದ ಹುಡುಗರ ಆಟದ ದಾಖಲೆಗಳು ಎಲ್ಲೆಲ್ಲಿವೆ ಎಂದು ಹುಡುಕಿದೆವು: ಕೆಲವು ಡಾಕ್ಯುಮೆಂಟ್ಸ್‌ನಲ್ಲಿ, ಕೆಲವು ಸೇವ್ಡ್ ಗೇಮ್ಸ್ ಎಂಬ ಫೋಲ್ಡರಿನಲ್ಲಿ, ಇನ್ನು ಕೆಲವು ಆ್ಯಪ್‌ಡೇಟಾ ಎಂಬ, ಸಾಮಾನ್ಯವಾಗಿ ಕಣ್ಣಿಗೆ ಕಾಣದ ಫೋಲ್ಡರಿನಲ್ಲಿ. ಮೈನ್‌ಕ್ರಾಫ್ಟ್‌ನ ಜಾವಾ ಆವೃತ್ತಿಯಲ್ಲಿ ಮಕ್ಕಳು ಕಟ್ಟಿದ ಮನೆಮಠಗಳೆಲ್ಲ ಇರುವುದು ಈ ಕೊನೆಯದರಲ್ಲಿ. ಎಲ್ಲವನ್ನೂ ನಕಲು ಮಾಡಿಕೊಂಡ ಮೇಲೆಯೇ ಮುಂದಿನ ಕೆಲಸ.

ಜಾಗ ತಿನ್ನುತ್ತಿರುವುದು ಯಾವುದು ಎಂದು ತಿಳಿಯಲು ವಿಂಡೋಸಿನ ಸೆಟ್ಟಿಂಗ್ಸ್‌ನಲ್ಲಿ ಇನ್‌ಸ್ಟಾಲ್ಡ್ ಆ್ಯಪ್ಸ್ ತೆರೆದು ಗಾತ್ರದ ಪ್ರಕಾರ ಜೋಡಿಸಿ ನೋಡಬೇಕು. ಇದೇ ನಿಜವಾದ ಪಟ್ಟಿ. ಒಂದು ವರ್ಷದಿಂದ ಯಾರೂ ಮುಟ್ಟದ ನಾಲ್ಕು ದೊಡ್ಡ ಆಟಗಳು ಅಲ್ಲಿ ಸಿಕ್ಕವು. ಸ್ಟೀಮಿನಿಂದ ಬಂದದ್ದನ್ನು ಸ್ಟೀಮಿನ ಮೂಲಕವೇ ಅನ್‌ಇನ್‌ಸ್ಟಾಲ್ ಮಾಡಬೇಕು. ಫೋಲ್ಡರನ್ನು ಕೈಯಿಂದ ಅಳಿಸಿದರೆ ಚೂರುಪಾರು ಉಳಿಯುತ್ತದೆ, ಹೆಸರೂ ಉಳಿಯುತ್ತದೆ. ಹಣ ಕೊಟ್ಟು ಕೊಂಡದ್ದು ಹೋಯಿತೆಂದು ಹೆತ್ತವರು ಹೆದರಬೇಕಾಗಿಲ್ಲ. ಅನ್‌ಇನ್‌ಸ್ಟಾಲ್ ಮಾಡಿದ ಆಟ ಖಾತೆಯಲ್ಲಿ ಹಾಗೆಯೇ ಇರುತ್ತದೆ, ಬೇಕೆಂದಾಗ ಮತ್ತೆ ಇಳಿಸಿಕೊಳ್ಳಬಹುದು.

ಹಸಿರು ತಂತ್ರಾಂಶದ ಸರದಿ ಬರುವುದು ಇದೆಲ್ಲ ಆದ ಮೇಲೆ. ಅದು ಯಾವ ಯಾವ ಫೋಲ್ಡರುಗಳಲ್ಲಿ ಹುಡುಕಬೇಕು ಎಂಬುದಕ್ಕೆ ಅದರೊಳಗೆ ಒಂದು ವ್ಯವಸ್ಥೆ ಇದೆ. ಆಟಗಳಿಲ್ಲದ ಫೋಲ್ಡರು, ಹಳೆಯ ಡಿಸ್ಕಿನ ನಕಲು ಇವುಗಳನ್ನು ಅಲ್ಲಿಂದ ಬಿಡಿಸಬೇಕು. ಇದನ್ನು ಬಿಟ್ಟು ಹೆಸರುಗಳನ್ನು ಮಾತ್ರ ತೆಗೆಯುತ್ತಾ ಕುಳಿತರೆ ಮುಂದಿನ ಹುಡುಕಾಟದಲ್ಲಿ ಅವು ಮತ್ತೆ ಬಂದು ಕೂರಬಹುದು, ಬೆಳಿಗ್ಗೆ ಗುಡಿಸಿದ ಅಂಗಳಕ್ಕೆ ಸಂಜೆ ಹಲಸಿನ ಎಲೆ ಬಿದ್ದ ಹಾಗೆ. ಎಎಂಡಿಯದರಲ್ಲಿ ಬೇಡದ ಹೆಸರನ್ನು ಅಡಗಿಸಿಡಬಹುದು, ಬೇಕೆಂದಾಗ ಮತ್ತೆ ತೋರಿಸಲೂಬಹುದು. ಗುಂಡಿಗಳ ಜಾಗ ಆವೃತ್ತಿಯಿಂದ ಆವೃತ್ತಿಗೆ ಬದಲಾಗುತ್ತಿರುತ್ತದೆ, ಆದ್ದರಿಂದ ಇಲ್ಲಿ ಅಚ್ಚು ಹಾಕಿದಂತೆ ಹೇಳುವುದಿಲ್ಲ. ಮನೆಯ ಮಕ್ಕಳಿಗೆ ಹೇಳಿದರೆ ಎರಡು ನಿಮಿಷದಲ್ಲಿ ತೋರಿಸುತ್ತಾರೆ.

ಅಡಗಿಸಿಡಬಹುದು ಎಂದೆವಲ್ಲ, ಅಲ್ಲಿಯೇ ಆ ತಾಯಿಗೆ ಉತ್ತರ ಇದೆ. ಹೆಸರು ಕಾಣದಿದ್ದರೆ ಆಟ ಇಲ್ಲ ಎಂದರ್ಥವಲ್ಲ. ಮಕ್ಕಳನ್ನು ಕಾಯಲು ಈ ಪಟ್ಟಿ ಹುಟ್ಟಿದ್ದೇ ಅಲ್ಲ. ಅದಕ್ಕೆ ಬೇರೆ ದಾರಿ ಇದೆ: ಸ್ಟೀಮ್ ಫ್ಯಾಮಿಲೀಸ್ ಎಂಬ ವ್ಯವಸ್ಥೆ 2024ರ ಸೆಪ್ಟೆಂಬರಿನಿಂದ ಎಲ್ಲರಿಗೂ ಸಿಗುತ್ತಿದೆ. ಒಂದು ಕುಟುಂಬದಲ್ಲಿ ಆರು ಜನರವರೆಗೆ ಸೇರಬಹುದು. ಮಕ್ಕಳು ಯಾವ ಆಟ ಆಡಬಹುದು, ದಿನಕ್ಕೆ ಎಷ್ಟು ಹೊತ್ತು ಎಂಬುದನ್ನು ಹೆತ್ತವರು ನಿಗದಿ ಮಾಡಬಹುದು. ಮಕ್ಕಳಿಗೆ ತಿಳಿಸಿ, ಅವರನ್ನು ಕೂರಿಸಿಕೊಂಡೇ ಅದನ್ನು ಮಾಡಿ ಎಂಬುದು ನಮ್ಮ ಅಭಿಪ್ರಾಯ. ಕದ್ದು ಪಟ್ಟಿ ನೋಡುವ ತಾಯಿಗೆ ಕದ್ದು ಅಡಗಿಸುವ ಮಗನೇ ಸಿಗುವುದು.

ಇನ್ನೊಂದು ವಿಷಯ ಉಳಿಯಿತು. ಕೆಂಪು ಗೆರೆಯ ದೊಡ್ಡ ಪಾಲು ಆಟಗಳದ್ದೇ ಅಲ್ಲ ಎಂದು ನಮಗೆ ತಿಳಿದದ್ದು ಕೊನೆಗೆ. ಈ ತಂತ್ರಾಂಶ ಆಡುವಾಗಿನ ದೃಶ್ಯವನ್ನು ವಿಡಿಯೊ ಮಾಡಿ ಇಡುತ್ತದೆ. ವಿಡಿಯೋಸ್ ಫೋಲ್ಡರಿನೊಳಗೆ ಆಟಕ್ಕೊಂದರಂತೆ ಫೋಲ್ಡರು ಮಾಡಿ ತುಂಬಿಸುತ್ತದೆ. ಸೆಕೆಂಡಿಗೆ 50 ಮೆಗಾಬಿಟ್ ಲೆಕ್ಕದಲ್ಲಿ ತೆಗೆದರೆ ಒಂದೇ ನಿಮಿಷದ ವಿಡಿಯೊ ಸುಮಾರು 375 ಮೆಗಾಬೈಟ್ ಆಗುತ್ತದೆ. ಹುಡುಗರು ಗೋಲು ಹೊಡೆದದ್ದು, ಕಾರು ಹಳ್ಳಕ್ಕೆ ಬಿದ್ದದ್ದು ಎಂದು ನೂರಾರು ತುಣುಕು ಅಲ್ಲಿ ಬಿದ್ದಿದ್ದವು. ಅಂದು ಆ ಫೋಲ್ಡರು ನಮ್ಮ ಕಣ್ಣಿಗೆ ಬಿದ್ದಿದ್ದರೆ ಅದನ್ನೂ ಶಿಫ್ಟ್ ಒತ್ತಿ ಅಳಿಸುತ್ತಿದ್ದೆವು, ಸಂಶಯವಿಲ್ಲ.

ಹುಡುಗ ಒಂದೊಂದೇ ತೆರೆದು ನೋಡಿ ಅಳಿಸುತ್ತಾ ಬಂದ. ಲಾರಿ ಆಟದ ಫೋಲ್ಡರಿನಲ್ಲಿ ನಾಲ್ಕು ನಿಮಿಷದ್ದೊಂದು ಸಿಕ್ಕಿತು. ಮಳೆ ಬರುತ್ತಿದೆ, ಟ್ರೈಲರು ಹಿಂದಕ್ಕೆ ಬರುತ್ತಿದೆ. ಮೈಕ್ ಆನ್ ಇದ್ದಿರಬೇಕು, ಅಪ್ಪನ ದನಿ ಕೇಳಿಸಿತು: "ನೋಡು, ಸ್ಟೇರಿಂಗ್ ಉಲ್ಟಾ ತಿರುಗಿಸಬೇಕು, ಉಲ್ಟಾ... ಹಾಂ, ಅವಸರ ಬೇಡ ಮಾರಾಯ, ಹಿಂದೆ ಯಾರೂ ಹಾರ್ನ್ ಹೊಡೆಯುವುದಿಲ್ಲ ಇಲ್ಲಿ." ನಡುವೆ ಮಗನ ನಗು. ಕೊನೆಗೆ ಟ್ರೈಲರು ಸರಿಯಾಗಿ ನಿಂತಿತು.

ಅವನು ಅದನ್ನು ಮೂರು ಸಲ ಹಾಕಿದ. ನಾವು ಚಹಾ ತರುತ್ತೇವೆಂದು ಎದ್ದೆವು. ಒಂದೂವರೆ ಜಿಬಿಯ ಆ ತುಣುಕು ಈಗ ಕೊಠಡಿಯ ಕಂಪ್ಯೂಟರಿನಲ್ಲೊಂದು, ಪೆನ್‌ಡ್ರೈವಿನಲ್ಲೊಂದು, ಕುವೈತಿನ ಒಂದು ಮೊಬೈಲಿನಲ್ಲೊಂದು ಇದೆ. ಹುಡುಗ ಹೊಸ ಕಂಪನಿ ಶುರು ಮಾಡಿದ್ದಾನೆ, ಈ ಸಲ ಕ್ಲೌಡಿಗೆ ಗುರುತು ಹಾಕಿ. ಮೊನ್ನೆ ಕೇಳಿದಾಗ ಎರಡನೆಯ ಲಾರಿಗೆ ಇನ್ನೂ ಸಾಲ ಬಾಕಿ ಇದೆ ಎಂದ.