ತಡೆಯಾಜ್ಞೆ ಹಿಂಸೆಯೆ?

ಹುಣಸೂರು, ಪಿರಿಯಾಪಟ್ಟಣ, ಕೃಷ್ಣರಾಜನಗರ, ಹೆಗ್ಗಡದೇವನಕೋಟೆ ಸೀಮೆಯ ಶ್ರಾವಕರ ಮನೆಗಳಲ್ಲಿ ಪಾಲಿನ ದಾವೆಯ ಮಾತೆದ್ದರೆ, “ಒಡಹುಟ್ಟಿದವನ ಮೇಲೆ ತಡೆಯಾಜ್ಞೆ ತರುವುದು ಹಿಂಸೆ” ಎಂಬ ಉಪದೇಶವೂ ಏಳುತ್ತದೆ. ಇದು ಧರ್ಮವಲ್ಲ, ಧರ್ಮದ ಹೆಸರಿನಲ್ಲಿ ದುರ್ಬಲರ ಬಾಯಿ ಮುಚ್ಚಿಸುವ ಉಪಾಯ.

ದಾವೆಯ ನಡುವೆ ಜಮೀನು ಮಾರಿದರೂ, 1882ರ ಸ್ವತ್ತು ವರ್ಗಾವಣೆ ಕಾಯಿದೆಯ 52ನೇ ಕಲಮಿನಂತೆ ಕೊಂಡವನು ತೀರ್ಪಿಗೆ ಬದ್ಧ. ಬ್ಯಾಂಕಿನ ಠೇವಣಿಗೆ, ಕೈಸೇರಿದ ಪರಿಹಾರಧನಕ್ಕೆ ಆ ರಕ್ಷಣೆಯಿಲ್ಲ. ಅದಕ್ಕೆಂದೇ 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆದೇಶದಲ್ಲಿ ತಾತ್ಕಾಲಿಕ ಪ್ರತಿಬಂಧಕಾಜ್ಞೆಯುಂಟು. ಅದು ಕೇಳಿದವರಿಗೆಲ್ಲ ದೊರೆಯದು: ಮೇಲ್ನೋಟದ ಹಕ್ಕು, ಅನುಕೂಲತೆಯ ತುಲನೆ, ತುಂಬಲಾರದ ನಷ್ಟ, ಈ ಮೂರನ್ನೂ ತೋರಿಸಬೇಕು. ಹಣದ ನಷ್ಟವನ್ನು ಹಣದಿಂದಲೇ ತುಂಬಬಹುದೆಂಬ ವಾದವುಂಟು. ಖಾತೆಯೇ ಬರಿದಾದ ಮೇಲೆ ತುಂಬುವವರಾರು?

1956ರ ಹಿಂದೂ ಉತ್ತರಾಧಿಕಾರ ಕಾಯಿದೆ ಜೈನರಿಗೂ ಅನ್ವಯಿಸುತ್ತದೆ. 2005ರ ತಿದ್ದುಪಡಿಯಿಂದ ಅವಿಭಕ್ತ ಪಿತ್ರಾರ್ಜಿತದಲ್ಲಿ ಮಗಳೂ ಹುಟ್ಟಿನಿಂದ ಸಮಭಾಗಿ. ಆಕೆ ಕೊಡದ ಪಾಲನ್ನು ತೆಗೆದುಕೊಳ್ಳುವುದೇ ಅದತ್ತಾದಾನ. ತತ್ತ್ವಾರ್ಥಸೂತ್ರವು ಅಚೌರ್ಯಾಣುವ್ರತದ ಐದು ಅತಿಚಾರಗಳಲ್ಲಿ ತದಾಹೃತಾದಾನವನ್ನೂ ವಿರುದ್ಧರಾಜ್ಯಾತಿಕ್ರಮವನ್ನೂ ಎಣಿಸಿದೆ. ಕದ್ದುದನ್ನು ಸ್ವೀಕರಿಸುವುದು ಮೊದಲನೆಯದು. ರಾಜ್ಯನಿಯಮವನ್ನು ಮೀರುವುದು ಎರಡನೆಯದು. ನ್ಯಾಯಾಲಯದ ಆಜ್ಞೆ ಮುರಿದವನಿಗೆ ಸಂಹಿತೆಯಲ್ಲಿ ಸ್ವತ್ತಿನ ಜಪ್ತಿಯೂ ಮೂರು ತಿಂಗಳವರೆಗಿನ ಸಿವಿಲ್ ಸೆರೆಯೂ ಉಂಟು, ವ್ರತಭಂಗ ಬೇರೆ.

ಬಸದಿಗಳ ಧರ್ಮದರ್ಶಿಗಳಿಗೂ ಒಂದು ಮಾತು. ಪಂಚಕಲ್ಯಾಣಕ್ಕೆ ದೊಡ್ಡ ಕಾಣಿಕೆ ಬಂದಾಗ, ಈ ಹಣದ ಮೇಲೆ ದಾವೆಯುಂಟೆ ಎಂದು ಕೇಳಿರಿ. ತಂಗಿಯ ಪಾಲಿನಿಂದ ಮಾಡಿಸಿದ ಅಭಿಷೇಕ ಯಾರಿಗೆ ಪುಣ್ಯ?

ಅಣ್ಣನಾದವನು ಆಜ್ಞೆಗೆ ಕಾಯದೆ ವಿವಾದದ ಹಣವನ್ನು ತಾನೇ ನ್ಯಾಯಾಲಯದಲ್ಲಿ ಠೇವಣಿಯಿಡಲಿ. ಅಹಿಂಸೆ ಅಲ್ಲಿಂದ ಆರಂಭವಾಗಲಿ.