ಪೈರಿನ ಮೇಲೆ ಹಾರುವ ವಿಮಾನವು ನಮ್ಮ ಹೊಲಗಳಿಗೆ ಹೊಂದುವುದೆ?

ಬೆಳೆಗೆ ಕೀಟದ ಹಾವಳಿ ಹೆಚ್ಚಿದಾಗಲೆಲ್ಲ, ಪರದೇಶಗಳಲ್ಲಿರುವಂತೆ ನಮ್ಮಲ್ಲಿಯೂ ವಿಮಾನದಿಂದ ಔಷಧವನ್ನು ಸಿಂಪಡಿಸುವ ಏರ್ಪಾಡಾಗಬೇಕೆಂಬ ಮಾತು ರೈತರಲ್ಲಿ ಕೇಳಿಬರುವುದುಂಟು. ಈ ಅಪೇಕ್ಷೆಯು ಸಹಜವಾದುದೇ ಸರಿ. ಆದರೆ ನೇಗಿಲನ್ನು ಕೊಳ್ಳುವಾಗ ಎತ್ತಿನ ಬಲವನ್ನೂ ಮಣ್ಣಿನ ಗುಣವನ್ನೂ ನೋಡತಕ್ಕ ನಾವು, ವಿಮಾನದ ವಿಷಯದಲ್ಲಿ ಮಾತ್ರ ಹೆಸರಿಗೆ ಮರುಳಾಗಬಾರದು. ಈ ಯಂತ್ರವು ಎಂತಹ ನೆಲಕ್ಕಾಗಿ ನಿರ್ಮಿತವಾದುದೆಂಬುದನ್ನು ಗ್ರಾಮದ ಮುಖಂಡರೂ ಜಮೀನುದಾರರೂ ಮೊದಲು ತಿಳಿದುಕೊಳ್ಳುವುದು ಅವಶ್ಯಕ.

ವಿಮಾನದಿಂದ ಕೀಟನಾಶಕವನ್ನು ಉದುರಿಸಿದ ಪ್ರಸಿದ್ಧ ಪ್ರಯೋಗವು ೧೯೨೧ನೆಯ ಇಸವಿ ಆಗಸ್ಟ್ ೩ರಂದು ಅಮೆರಿಕದ ಒಹಾಯೋ ಪ್ರಾಂತದ ಟ್ರಾಯ್ ಎಂಬ ಊರಿನ ಬಳಿ ನಡೆಯಿತು. ಸೈನ್ಯದ ವೈಮಾನಿಕರಾದ ಜಾನ್ ಮೆಕ್ರೆಡಿ ಎಂಬುವರು ಕಂಬಳಿಹುಳು ಬಿದ್ದಿದ್ದ ಕೆಟಾಲ್ಪ ಮರಗಳ ತೋಪಿನ ಮೇಲೆ ಸೀಸದ ಆರ್ಸೆನೇಟ್ ಪುಡಿಯನ್ನು ಚೆಲ್ಲಿದರು. ಎರಡನೆಯ ಮಹಾಯುದ್ಧದ ತರುವಾಯ ಸ್ಟೀರ್ಮನ್ ಮುಂತಾದ ಶಿಕ್ಷಣ ವಿಮಾನಗಳು ಅಗ್ಗವಾಗಿ ದೊರೆತುದರಿಂದ, ಅವುಗಳ ಮುಂದಿನ ಆಸನವನ್ನು ತೆಗೆದು ಔಷಧದ ತೊಟ್ಟಿಯನ್ನಿಟ್ಟು ಬಳಸುತ್ತಿದ್ದರು. ವೈಮಾನಿಕನ ಪ್ರಾಣರಕ್ಷಣೆಯನ್ನು ಮುಖ್ಯವಾಗಿ ಗಮನಿಸಿ ಫ್ರೆಡ್ ವೀಕ್ ಎಂಬ ಯಂತ್ರಶಿಲ್ಪಿಯು ಟೆಕ್ಸಾಸಿನಲ್ಲಿ ರಚಿಸಿದ ಎಜಿ-೧ ಎಂಬ ವಿಮಾನವು ೧೯೫೦ನೆಯ ಡಿಸೆಂಬರಿನಲ್ಲಿ ಹಾರಿತು. ಆತನೇ ಮುಂದೆ ರಚಿಸಿದ ಪೈಪರ್ ಪಾನಿ ಎಂಬ ಒಂಟಿ ಎಂಜಿನ್ನಿನ ವಿಮಾನವು ಬಹಳ ಪ್ರಚಾರಕ್ಕೆ ಬಂದಿತು.

ಇಂತಹ ವಿಮಾನದ ರಚನೆಯಲ್ಲಿ ಪ್ರತಿಯೊಂದು ಅಂಗಕ್ಕೂ ಕಾರಣವುಂಟು. ಎಂಜಿನ್ನು ಮುಂದೆ, ಅದರ ಹಿಂದೆ ತೊಟ್ಟಿ, ತೊಟ್ಟಿಯ ಹಿಂದೆ ಎತ್ತರವಾದ ಆಸನದಲ್ಲಿ ವೈಮಾನಿಕ. ವಿಮಾನವು ನೆಲಕ್ಕೆ ಬಡಿದರೂ ಭಾರವಾದ ವಸ್ತುಗಳು ಅವನನ್ನು ಹಿಂದಿನಿಂದ ಅಪ್ಪಳಿಸಬಾರದೆಂಬುದು ಇದರ ಉದ್ದೇಶ. ಅಪಾಯ ಒದಗಿದರೆ ಕೆಲವೇ ಸೆಕೆಂಡುಗಳಲ್ಲಿ ತೊಟ್ಟಿಯನ್ನು ಬರಿದುಮಾಡತಕ್ಕ ಬಾಗಿಲು ಕೆಳಗಿರುತ್ತದೆ. ರೆಕ್ಕೆಗಳ ತುದಿಯಲ್ಲಿ ಗಾಳಿಯು ಸುಳಿಯಾಗಿ ಹನಿಗಳನ್ನು ಮೇಲಕ್ಕೆಸೆಯುವುದರಿಂದ, ಸಿಂಪಡಣೆಯ ಕೊಳವೆಯನ್ನು ರೆಕ್ಕೆಗಳ ಒಟ್ಟು ಉದ್ದದ ಮುಕ್ಕಾಲು ಪಾಲಿಗೆ ಮೀರದಂತೆ ಜೋಡಿಸುವುದು ವಾಡಿಕೆ.

ಎರಡು ಎಂಜಿನ್ನುಗಳಿದ್ದರೆ ಭದ್ರತೆ ಇಮ್ಮಡಿಯಾಗದೆ ಎಂದು ಕೆಲವರು ಕೇಳಬಹುದು. ವಿಮಾನವು ಮೇಲೇರುವುದು, ಸಮತಟ್ಟಾಗಿ ಹಾರಲು ಬೇಕಾದ ಶಕ್ತಿಯನ್ನು ಕಳೆದು ಉಳಿದ ಶಕ್ತಿಯಿಂದ ಮಾತ್ರ. ಹಗುರವಾದ ಜೋಡಿ ಎಂಜಿನ್ನಿನ ವಿಮಾನದಲ್ಲಿ ಒಂದು ನಿಂತರೆ ಶಕ್ತಿಯು ಅರ್ಧವಾದರೂ, ಏರುವ ಸಾಮರ್ಥ್ಯದಲ್ಲಿ ನೂರಕ್ಕೆ ೮೦ ಪಾಲು, ಕೆಲವು ವೇಳೆ ಅದಕ್ಕಿಂತಲೂ ಹೆಚ್ಚು ನಷ್ಟವಾಗುತ್ತದೆ. ಪೈರಿನ ಮೇಲೆ ಹತ್ತಡಿ ಎತ್ತರದಲ್ಲಿ ಹಾರುವವನಿಗೆ ಇದರಿಂದ ಪ್ರಯೋಜನ ಸ್ವಲ್ಪ. ತೂಕವೂ ವೆಚ್ಚವೂ ಅಧಿಕ. ಆದುದರಿಂದಲೇ ಈ ಕೆಲಸಕ್ಕೆ ಒಂಟಿ ಎಂಜಿನ್ನೇ ರೂಢಿಯಾಯಿತು.

ನಮ್ಮ ದೇಶವೂ ಈ ವಿಷಯದಲ್ಲಿ ಹಿಂದೆ ಬಿದ್ದಿರಲಿಲ್ಲ. ಬೆಂಗಳೂರಿನಲ್ಲಿ ಮುಖ್ಯ ಕಚೇರಿಯುಳ್ಳ ಹಿಂದೂಸ್ಥಾನ್ ಏರೋನಾಟಿಕ್ಸ್ ಸಂಸ್ಥೆಯು ‘ಬಸಂತ್’ ಎಂಬ ಕೃಷಿ ವಿಮಾನವನ್ನು ರಚಿಸಿತು. ಮೊದಲು ೨೫೦ ಅಶ್ವಶಕ್ತಿಯ ಎಂಜಿನ್ನಿನಿಂದ ರಚಿತವಾದ ಮಾದರಿಯು ಮೆಚ್ಚುಗೆಯಾಗದೆ, ಆಸನವನ್ನು ಎತ್ತರಿಸಿ, ೪೦೦ ಅಶ್ವಶಕ್ತಿಯ ಎಂಜಿನ್ನನ್ನು ಜೋಡಿಸಿದ ಎರಡನೆಯ ಮಾದರಿಯು ೧೯೭೨ನೆಯ ಮಾರ್ಚ್ ೩೦ರಂದು ಹಾರಿತು. ೩೯ ವಿಮಾನಗಳಾದ ಮೇಲೆ, ೧೯೮೦ರಲ್ಲಿ ಇದರ ತಯಾರಿಕೆಯು ನಿಂತುಹೋಯಿತು.

ನಮ್ಮ ಮೈದಾನ ಸೀಮೆಯ ಹವೆಯನ್ನೂ ಇಲ್ಲಿ ಲೆಕ್ಕಕ್ಕೆ ತೆಗೆದುಕೊಳ್ಳಬೇಕು. ಬೆಂಗಳೂರಿನ ಸುತ್ತಣ ನೆಲವು ಸಮುದ್ರಮಟ್ಟಕ್ಕಿಂತ ಸುಮಾರು ೩೦೦೦ ಅಡಿ ಎತ್ತರದಲ್ಲಿದೆ. ಬೇಸಗೆಯಲ್ಲಿ ೩೫ ಡಿಗ್ರಿ ಸೆಲ್ಸಿಯಸ್ ಬಿಸಿಲಿರುವಾಗ ಅಲ್ಲಿಯ ಗಾಳಿಯು ೬೦೦೦ ಅಡಿ ಎತ್ತರದ ಗಾಳಿಯಷ್ಟು ತೆಳುವಾಗುತ್ತದೆ. ಗಾಳಿಯನ್ನು ಒತ್ತಿ ತುಂಬುವ ಉಪಕರಣವಿಲ್ಲದ ಪಿಸ್ಟನ್ ಎಂಜಿನ್ನು ಪ್ರತಿ ೧೦೦೦ ಅಡಿಗೆ ನೂರಕ್ಕೆ ೩ರಂತೆ ಶಕ್ತಿಯನ್ನು ಕಳೆದುಕೊಳ್ಳುವುದರಿಂದ, ೪೦೦ ಅಶ್ವಶಕ್ತಿಯು ಸುಮಾರು ೩೩೦ಕ್ಕೆ ಇಳಿಯುತ್ತದೆ. ನೆಲ ಬಿಡಲು ಓಡಬೇಕಾದ ದೂರವು ಹೆಚ್ಚುತ್ತದೆ. ಹೊರುವ ಔಷಧವನ್ನು ಕಡಿಮೆಮಾಡಬೇಕಾಗುತ್ತದೆ.

ಇನ್ನು ಹೊಲದ ಲೆಕ್ಕವನ್ನು ನೋಡೋಣ. ಗಂಟೆಗೆ ೧೫೦ ಕಿಲೋಮೀಟರ್ ವೇಗದಲ್ಲಿ ಹಾರುವ ವಿಮಾನವು ಸೆಕೆಂಡಿಗೆ ೧೩೭ ಅಡಿ ಸಾಗುತ್ತದೆ. ಚೌಕವಾದ ಒಂದು ಎಕರೆಯ ಬದುವು ಸುಮಾರು ೨೦೮ ಅಡಿ ಉದ್ದ. ಎಂದರೆ ಒಂದೂವರೆ ಸೆಕೆಂಡಿನಲ್ಲಿ ಹೊಲವು ಮುಗಿಯಿತು! ಒಂದು ಸಲಕ್ಕೆ ೫೦ ಅಡಿ ಅಗಲ ಹಿಡಿದರೆ ನಾಲ್ಕು ಸಲ ಹಾಯಬೇಕು. ಔಷಧ ಬೀಳುವ ಕಾಲ ಆರು ಸೆಕೆಂಡು. ಪ್ರತಿಸಲ ತಿರುಗಿ ಬರಲು ಅರ್ಧ ನಿಮಿಷವಾದರೂ ಬೇಕಾಗಿ, ಬರಿದೆ ಸುತ್ತುವ ಕಾಲ ಒಂದೂವರೆ ನಿಮಿಷ. ಒಂದು ಕಿಲೋಮೀಟರ್ ಉದ್ದದ ಒಂದೇ ಬೆಳೆಯ ಬಯಲಿದ್ದರೆ, ಒಂದೇ ಸಲ ಹಾಯ್ದು ೨೪ ಸೆಕೆಂಡಿನಲ್ಲಿ ಮೂರೂವರೆ ಎಕರೆಗೂ ಹೆಚ್ಚು ನೆಲವನ್ನು ಮುಗಿಸಬಹುದು. ಯಂತ್ರವು ಅದೇ, ಲಾಭನಷ್ಟವನ್ನು ನಿರ್ಣಯಿಸುವುದು ನೆಲ. ನಮ್ಮಲ್ಲಿಯಾದರೋ ಹಿಡುವಳಿ ಚಿಕ್ಕದು, ಬದುವಿಗೊಂದು ಬೆಳೆ, ನಡುವೆ ತೆಂಗು, ಹೊಂಗೆ, ವಿದ್ಯುತ್ ತಂತಿ.

ಗಾಳಿಯ ವಿಚಾರವು ಇದಕ್ಕಿಂತಲೂ ಗುರುತರವಾದುದು. ಮಿಲಿಮೀಟರಿನ ಹತ್ತನೆಯ ಒಂದು ಪಾಲಿನಷ್ಟು ದಪ್ಪದ ಹನಿಯು ಹತ್ತಡಿಯಿಂದ ಇಳಿಯಲು ಸುಮಾರು ೧೧ ಸೆಕೆಂಡು ಹಿಡಿಯುತ್ತದೆ. ಗಂಟೆಗೆ ೮ ಕಿಲೋಮೀಟರಿನ ಮಂದಮಾರುತವೂ ಅದನ್ನು ೮೦ ಅಡಿ ದೂರ ಒಯ್ಯುವುದು. ಹನಿಯು ಅದರರ್ಧ ದಪ್ಪದ್ದಾದರೆ ಸುಮಾರು ೨೯೦ ಅಡಿ. ಎಂದರೆ ಪಕ್ಕದವರ ಎಕರೆಯನ್ನೂ ದಾಟಿ, ಆಚೆಯ ಬಾವಿಗೋ ಹಟ್ಟಿಗೋ ಬೀಳುವುದು. ಕಾಸರಗೋಡಿನ ಗೇರು ತೋಪುಗಳ ಮೇಲೆ ೨೦೦೦ನೆಯ ಇಸವಿಯವರೆಗೆ ಹೆಲಿಕಾಪ್ಟರುಗಳಿಂದ ಎಂಡೋಸಲ್ಫಾನನ್ನು ಸಿಂಪಡಿಸಿದುದರ ಸಂಕಟವನ್ನು ಕನ್ನಡಿಗರು ಮರೆಯುವಂತಿಲ್ಲ. ದಕ್ಷಿಣ ಕನ್ನಡದ ಗ್ರಾಮಗಳಿಗೂ ಅದೇ ದುರವಸ್ಥೆ ಒದಗಿತು. ಸರ್ವೋಚ್ಚ ನ್ಯಾಯಾಲಯವು ೨೦೧೧ನೆಯ ಮೇ ತಿಂಗಳಿನಲ್ಲಿ ಆ ಔಷಧವನ್ನು ದೇಶದಲ್ಲೆಲ್ಲ ತಡೆಯಿತು. ವಾಹನವು ಯಾವುದೇ ಆಗಲಿ, ಮೇಲಿನಿಂದ ಬಿಟ್ಟ ವಿಷವು ಬದುವನ್ನು ಅರಿಯದು.

ಹೀಗಿರಲಾಗಿ ನನ್ನ ಅಭಿಪ್ರಾಯವಿಷ್ಟೆ: ರೆಕ್ಕೆಯ ವಿಮಾನವು ವಿಸ್ತಾರವಾದ, ಬಯಲಾದ, ಏಕಬೆಳೆಯ ನೆಲಕ್ಕೆ ಉತ್ತಮ ಸೇವಕ, ನಮ್ಮ ತುಂಡು ಹೊಲಗಳಿಗೆ ಅಲ್ಲ. ಅದಕ್ಕಾಗಿ ಅರ್ಜಿ ಬರೆಯುವ ಶ್ರಮವನ್ನು ಬೇರೆ ಕೆಲಸಕ್ಕೆ ವಿನಿಯೋಗಿಸುವುದು ಮೇಲು. ಈಗ ಬಂದಿರುವ ಹತ್ತು ಲೀಟರಿನಷ್ಟು ಔಷಧವನ್ನು ಹೊರುವ ಡ್ರೋಣ್ ಯಂತ್ರವು ನಿಧಾನವಾಗಿ ಹಾರಿ, ಬದುವಿನಲ್ಲಿಯೇ ತಿರುಗಬಲ್ಲುದಾದ್ದರಿಂದ ನಮಗೆ ಹೆಚ್ಚು ಹೊಂದುವಂತಹುದು. ಆದರೆ ಗಾಳಿಯ ನಿಯಮವು ಅದಕ್ಕೂ ತಪ್ಪಿದ್ದಲ್ಲ.

ಆದಕಾರಣ ಮುಖಂಡರು ಮಾಡತಕ್ಕ ಕೆಲಸವಿದು. ಅಕ್ಕಪಕ್ಕದ ಹಿಡುವಳಿದಾರರನ್ನು ಕೂಡಿಸಿ, ಒಂದೇ ಬೆಳೆಯಿರುವ ಹೊಲಗಳಿಗೆ ಒಂದೇ ದಿನ ಸಿಂಪಡಣೆ ನಡೆಯುವಂತೆ ಏರ್ಪಡಿಸಿರಿ. ಬಾವಿ, ಕೆರೆ, ಶಾಲೆ, ಜೇನುಪೆಟ್ಟಿಗೆ, ಹಿಪ್ಪುನೇರಳೆ ತೋಟ ಇವುಗಳನ್ನು ಮೊದಲೇ ಗುರುತಿಸಿ ದೂರವಿಡಿರಿ. ವಿಮಾನದಿಂದ ಸಿಂಪಡಿಸುವುದಕ್ಕೆ ೨೪ ಗಂಟೆ ಮುಂಚೆ ಊರವರಿಗೆ ತಿಳಿಸಬೇಕೆಂದೂ, ಸಂಬಂಧವಿಲ್ಲದ ಜನರನ್ನೂ ದನಗಳನ್ನೂ ಆ ಸ್ಥಳಕ್ಕೆ ಬಿಡಬಾರದೆಂದೂ ೧೯೭೧ರ ಕೀಟನಾಶಕಗಳ ನಿಯಮಗಳು ವಿಧಿಸುತ್ತವೆ. ಡ್ರೋಣ್ ಬರುವಾಗಲೂ ಇದೇ ಕ್ರಮವನ್ನು ಅನುಸರಿಸಿ ಡಂಗುರ ಹೊಡೆಸಿರಿ. ಯಂತ್ರವನ್ನು ಬಾಡಿಗೆಗೆ ತರುವುದು ಸುಲಭ. ನೆರೆಯವನ ಬಾವಿಗೆ ಬಿದ್ದ ವಿಷವನ್ನು ಹಿಂದಕ್ಕೆ ತರುವುದು ಯಾರಿಂದಲೂ ಆಗದು.