ಜವಾನ್ ಸಾಲ ಮನ್ನಾ ಮಾಡಿದ, ಉತಾರ ಇಲ್ಲದವರಿಗೆ ಏನು ಮಾಡಿದ?



ಶಾರುಖ್ ಖಾನ್‌ಗೆ 'ಜವಾನ್' ಸಿನಿಮಾಕ್ಕೆ ರಾಷ್ಟ್ರಪ್ರಶಸ್ತಿ ಬಂದಾಗಿನಿಂದ ನಮ್ಮ ಹುಡುಗರ ಸ್ಟೇಟಸ್ ತುಂಬ ಅದೇ. "ಅಣ್ಣಾ, ಬಡವರ ಪರ ಇಂಥಾ ಸಿನಿಮಾ ಹಿಂದಿಯೊಳಗ ಬಂದೇ ಇಲ್ಲ" ಅಂತ ನನಗೇ ಪಾಠ ಮಾಡ್ತಾರ. ಆಯ್ತಪಾ, ಮಾತಾಡೋಣ.

2023ರ ಸೆಪ್ಟೆಂಬರ್‌ನಲ್ಲಿ ಬಂದ ಸಿನಿಮಾ. ಹೀರೋಗೆ ಆಗ 57 ವರ್ಷ. ಬೋಳು ತಲೆಯಲ್ಲಿ ಮೆಟ್ರೋ ರೈಲು ಹಿಡಿದು ಕುಣಿಯುತ್ತಾನೆ, ಶ್ರೀಮಂತನಿಂದ 40,000 ಕೋಟಿ ಕಸಿದು 7 ಲಕ್ಷ ರೈತರ ಖಾತೆಗೆ ಹಾಕುತ್ತಾನೆ. ಸಾಲದ್ದಕ್ಕೆ ಬಿಳಿ ಕೂದಲಿನ ಅಪ್ಪನೂ ತಾನೇ, ಬಾಯಲ್ಲಿ ಚುಟ್ಟಾ ಬೇರೆ. ಕುಣೀಲಿ, ನನಗೇನು ಹೊಟ್ಟೆಕಿಚ್ಚಿಲ್ಲ. ನಮ್ಮ ಕೇರಿಯಲ್ಲಿ ಅರವತ್ತು ದಾಟಿದವರು ಇನ್ನೂ ಹಲಗಿ ಬಡೀತಾರ, ಅವರಿಗೆ ಯಾರೂ ಪ್ರಶಸ್ತಿ ಕೊಡೂದಿಲ್ಲ ಅಷ್ಟೇ. ಕಾರಿನ ಸಾಲಕ್ಕಿಂತ ಟ್ರ್ಯಾಕ್ಟರ್ ಸಾಲಕ್ಕೆ ಬಡ್ಡಿ ಯಾಕೆ ಜಾಸ್ತಿ ಅಂತ ಇವತ್ತಿನ ಕಾಲದಲ್ಲಿ ಒಬ್ಬ ಖಾನ್ ಪರದೆ ಮೇಲೆ ನಿಂತು ಕೇಳಿದನಲ್ಲ, ಅದಕ್ಕೆ ಎದೆಗಾರಿಕೆ ಬೇಕು. ಒಪ್ತೀನಿ.

ಆದರೆ ಆ 7 ಲಕ್ಷ ಖಾತೆ ಯಾರವು?

ಬ್ಯಾಂಕು ಬೆಳೆಸಾಲ ಕೊಡಬೇಕಾದರೆ ಉತಾರ ಕೇಳುತ್ತದೆ. ಉತಾರದಲ್ಲಿ ಹೆಸರಿಲ್ಲದವನಿಗೆ ಸಾಲವೇ ಇಲ್ಲ, ಇನ್ನು ಮನ್ನಾ ಎಲ್ಲಿಂದ ಬರಬೇಕು? 2017ರಲ್ಲಿ ಸಿದ್ದರಾಮಯ್ಯ, 2018ರಲ್ಲಿ ಕುಮಾರಸ್ವಾಮಿ ಸಾಲ ಮನ್ನಾ ಮಾಡಿದರು. ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿ ಕಡೆಯ ನಮ್ಮ ಕೂಲಿ ಮನೆಗಳಿಗೆ ಅದರಿಂದ ಏನು ಬಂತು? ಸಾವ್ಕಾರನ ಕೈಗಡ ಮನ್ನಾ ಆಯಿತಾ? 'ಜವಾನ್' ಬಂದ ತಿಂಗಳೇ ಸರ್ಕಾರ ರಾಜ್ಯದ 195 ತಾಲೂಕು ಬರಪೀಡಿತ ಅಂತ ಘೋಷಿಸಿತು. ಬೆಳೆ ಪರಿಹಾರವೂ ಹೋಗುವುದು ಜಮೀನಿದ್ದವರ ಖಾತೆಗೇ. ಹೊಲ ಬಿತ್ತಿದ್ದು, ಕಳೆ ತೆಗೆದದ್ದು ನಮ್ಮ ಹೆಣ್ಣುಮಕ್ಕಳು. ಬರ ಬಂದರೆ ಅವರಿಗೆ ಗೋವಾ, ಪುಣೆ, ಮುಂಬೈ ಬಸ್ಸು.

ಸಿನಿಮಾದವರಿಗೆ ಕೇಳಿಸಬೇಕಾದ ಕಥೆ ಬೇರೆ ಅದ. ನಮ್ಮ ಜಿಲ್ಲೆ ಆಗ ಬಾಂಬೆ ಪ್ರಾಂತ್ಯದಲ್ಲಿತ್ತು. ವತನದ ಹೆಸರಿನಲ್ಲಿ ತುಂಡು ಭೂಮಿ ಕೊಟ್ಟು ಹಗಲು ರಾತ್ರಿ ಬಿಟ್ಟಿ ಚಾಕರಿ ಮಾಡಿಸುತ್ತಿದ್ದರು. 1928ರಲ್ಲಿ ಬಾಬಾಸಾಹೇಬರು ಬಾಂಬೆ ಶಾಸನಸಭೆಯಲ್ಲಿ ವತನ ಕಾಯ್ದೆ ತಿದ್ದುವ ಮಸೂದೆ ತಂದರು, ದಕ್ಕಲಿಲ್ಲ. ನಮ್ಮಲ್ಲಿ 1961ರ ಗ್ರಾಮ ಹುದ್ದೆಗಳ ರದ್ದತಿ ಕಾಯ್ದೆ ಬಂತು, ದುಡ್ಡು ಕಟ್ಟಿದವರಿಗೆ ಅದೇ ಭೂಮಿ ಮರುಮಂಜೂರು. ಮುಂದೆ ಎಷ್ಟೋ ಮಂದಿ ಮದುವೆಗೆ, ದವಾಖಾನೆಗೆ, ಹೆಬ್ಬೆಟ್ಟು ಒತ್ತಿ ಕಳಕೊಂಡರು.

ಅದಕ್ಕೇ ಅಲ್ಲವೇ 1978ರ ಪಿ.ಟಿ.ಸಿ.ಎಲ್. ಕಾಯ್ದೆ ಇರುವುದು ಅಂತೀರಿ. ಓದಿ ನೋಡ್ರಿ. ಮಂಜೂರಾದ ಭೂಮಿ ಯಾವುದು ಅಂತ ಹೇಳುವ ಕಲಮಿನಲ್ಲೇ ವಂಶಪಾರಂಪರ್ಯ ಹುದ್ದೆಗೆ ಸೇರಿದ ಭೂಮಿಯನ್ನು ಹೊರಗಿಟ್ಟಿದ್ದಾರೆ. ಅಂದರೆ ನಮ್ಮ ವತನದ ಹೊಲ ಈ ಕಾಯ್ದೆಗೆ ಹೊರಗು, ನಾವು ಊರಿಗೆ ಹೊರಗಿದ್ದ ಹಾಗೆ! 2023ರ ತಿದ್ದುಪಡಿ ಬಂದಾಗ, ಅರ್ಜಿಗೆ ಕಾಲಮಿತಿ ಇಲ್ಲ ಅಂತ ಬರೆದಾಗ ಎಲ್ಲರೂ ಸಿಹಿ ಹಂಚಿದೆವು. ಅದೂ ಕೋರ್ಟಿನಲ್ಲಿ ಜಗ್ಗಾಡುತ್ತಿದೆ. ವತನದ ಆ ಒಂದು ಸಾಲು ಮಾತ್ರ ಹಂಗೇ ಉಳಿಯಿತು. ಅದನ್ನು ತೆಗೆಸಲು ಮೆಟ್ರೋ ಅಪಹರಿಸಬೇಕಿಲ್ಲ, ನಮ್ಮ ಓಟಿನಿಂದ ಗೆದ್ದ ಶಾಸಕರು ಸದನದಲ್ಲಿ ಬಾಯಿ ಬಿಟ್ಟರೆ ಸಾಕು.

ತಮ್ಮಂದಿರೇ, ಸ್ಟೇಟಸ್ ಆಮೇಲೆ ಹಾಕ್ರಿ. ಮನೆಯ ಟ್ರಂಕಿನಲ್ಲಿರುವ ಅಜ್ಜನ ಕಾಗದ ತೆಗೀರಿ, ತಹಶೀಲ್ದಾರ್ ಕಚೇರಿಯಿಂದ ಹಳೇ ಉತಾರ ತೆಗೆಸಿರಿ. ಸರ್ಕಾರ ಮಂಜೂರು ಮಾಡಿದ್ದಾದರೆ ಇಂಡಿ, ಸಿಂದಗಿಯವರು ಇಂಡಿ ಎ.ಸಿ. ಕಚೇರಿಗೆ, ಮುದ್ದೇಬಿಹಾಳ, ಬಾಗೇವಾಡಿಯವರು ವಿಜಯಪುರ ಎ.ಸಿ. ಕಚೇರಿಗೆ ಅರ್ಜಿ ಕೊಡ್ರಿ. ವತನದ್ದಾದರೆ ಸರ್ವೆ ನಂಬರ್ ಬರೆದು ನನಗೆ ಕಳಿಸಿರಿ, ಪಟ್ಟಿ ಮಾಡಿ ನಾಲ್ಕೂ ತಾಲೂಕಿನ ಶಾಸಕರ ಮನೆಗೆ ಹೋಗೋಣ.

ಜೈ ಭೀಮ್.